ಮಾವನ ವೀರಮರಣಗಳು

ನನ್ನ ಸೋದರಮಾವ ಕಡಿಮೆಯೆಂದರೂ ಹದಿನಾಲ್ಕು ಸಲ ಸತ್ತಿದ್ದಾರೆ. ಅದರಲ್ಲಿ ಹನ್ನೊಂದಕ್ಕೆ ನಾನೇ ಬಾವುಟ ಹಿಡಿದು ನಿಂತಿದ್ದೆ!

ಇದಕ್ಕೆಲ್ಲ ಒಂದು ಪಟ ಕಾರಣ. ಕ್ಯಾತನಹಳ್ಳಿಯಲ್ಲಿ ಆಲೆಮನೆ ನಡೆಸುವ ಮಾವ, ಶ್ರೀರಂಗಪಟ್ಟಣಕ್ಕೆ ಬೆಲ್ಲ ಹಾಕಲು ಹೋದವರು, ಹಳೇ ಸಾಮಾನಿನ ಅಂಗಡಿಯಿಂದ ಬಾಗಿಲಗಲದ ಆ ಪಟವನ್ನು ಟೆಂಪೋದಲ್ಲಿ ಹೇರಿಕೊಂಡು ಬಂದರು. ಯಾವುದೋ ದೇಶದ ಸೇನಾಪತಿ ರಣರಂಗದಲ್ಲಿ ಪ್ರಾಣ ಬಿಡುತ್ತಿರುವ ಚಿತ್ರ. ಏನು ಸಾವು ಅಂತೀರಿ! ಸುತ್ತ ಫಿರಂಗಿ ಹೊಗೆ, ಅವನ ಬಿಳಿ ಷರಾಯಿಯ ಇಸ್ತ್ರಿ ಮಾತ್ರ ಮುರಿದಿಲ್ಲ. ರಕ್ತ ಕುಂಕುಮದ ಬೊಟ್ಟಿನಷ್ಟು. ಒಬ್ಬ ತಲೆ ಹಿಡಿದಿದ್ದಾನೆ, ಒಬ್ಬ ಬಾವುಟ ಹಿಡಿದು ಆಕಾಶ ನೋಡುತ್ತಿದ್ದಾನೆ, ಉಳಿದ ಅಧಿಕಾರಿಗಳೆಲ್ಲ ಗುಂಪಾಗಿ ನಿಂತು ಕಣ್ಣೊರೆಸಿಕೊಳ್ಳುತ್ತಿದ್ದಾರೆ. ಇವರೆಲ್ಲ ಇಲ್ಲಿದ್ದರೆ ಅಲ್ಲಿ ಯುದ್ಧ ಮಾಡುತ್ತಿರುವವರು ಯಾರು?

"ಸತ್ರೆ ಇಂಗೆ ಸಾಯ್ಬೇಕು ಕಣ್ಲಾ," ಅಂದರು ಮಾವ.

ಸೊಪ್ಪು ಬಿಡಿಸುತ್ತಿದ್ದ ಅತ್ತೆ ಒಮ್ಮೆ ತಲೆಯೆತ್ತಿದರು. "ಇಷ್ಟು ಜನ ನಿಂತವ್ರೆ, ಒಬ್ನಾದ್ರೂ ಒಂದ್ಲೋಟ ನೀರು ತಂದವ್ನಾ?"

"ನಿಂಗೆ ಕಲೆ ಗೊತ್ತಾಗಕಿಲ್ಲ ಬುಡು."

ಅಂದಿನಿಂದ ಮಾವನಿಗೆ ನೆಗಡಿಯಾದರೂ ರಣರಂಗ. ಹಾಸಿಗೆ ನಡುಮನೆಗೆ ಬರಬೇಕು, ಕಿಟಕಿಯ ಬೆಳಕು ಮುಖಕ್ಕೇ ಬೀಳಬೇಕು. ಬೆಲ್ಲ ಕಾಯಿಸುವ ಆಳು ಕೊಪ್ಪರಿಗೆ ಬಿಟ್ಟು ಬಂದು ತಲೆ ಹಿಡಿಯಬೇಕು. ತೆಂಗಿನಕಾಯಿ ಕೀಳುವ ದೋಟಿಗೆ ಟವೆಲ್ಲು ಕಟ್ಟಿಕೊಂಡು ನಾನು ಸೂರು ನೋಡುತ್ತಾ ನಿಲ್ಲಬೇಕು. ಅತ್ತೆ ಗಂಜಿ ತಂದರೆ, "ಅತ್ಲಾಗೋಗು, ಪಟದಲ್ಲಿ ಎಂಗಸ್ರಿಲ್ಲ," ಎಂದು ಕಣ್ಣುಮುಚ್ಚಿಕೊಂಡೇ ಗದರುತ್ತಿದ್ದರು.

ಒಮ್ಮೆ ಕಾಲಿಗೆ ಕಬ್ಬಿನ ಸಿಬರು ಚುಚ್ಚಿದ್ದಕ್ಕೆ ಅಕ್ಕಿಹೆಬ್ಬಾಳಿನಲ್ಲಿರುವ ತಮ್ಮನಿಗೆ ಫೋನು ಹೋಯಿತು. ಆತ ಎದ್ದೆನೋ ಬಿದ್ದೆನೋ ಎಂದು ಓಡಿಬಂದು, "ಎಲ್ಲಣ್ಣ ಗಾಯ?" ಅಂದ.

"ವೀರರ ಗಾಯ ಕಾಣ್ಬಾರ್ದು ಕಣ್ಲಾ. ನೀನು ಎಡಗಡೆ ನಿಂತ್ಕಂಡು ಅಳು."

ಬಡಪಾಯಿ, ಅರ್ಧ ಗಂಟೆ ಅತ್ತ. ಅಷ್ಟರಲ್ಲಿ ಆಲೆಮನೆಯಲ್ಲಿ ಒಂದು ಕೊಪ್ಪರಿಗೆ ಪಾಕ ಸೀದುಹೋಯಿತು.

ಹೋದ ವರ್ಷ ಅತ್ತೆಗೆ ಹೊಟ್ಟೆಯ ಆಪರೇಷನ್ನಾಯಿತು. ಉಳಿಯುವ ಭರವಸೆ ಕೊಡಲಾರೆವು ಅಂದಿದ್ದರು ಡಾಕ್ಟರು. ವಾರ್ಡಿಗೆ ತಂದ ಮೇಲೆ ನೆಂಟರೆಲ್ಲ ಮಂಚದ ಸುತ್ತ ಕಣ್ಣೊರೆಸಿಕೊಳ್ಳುತ್ತಾ ನಿಂತೆವು. ನರ್ಸು ಕೈಗೆ ಕೊಟ್ಟಿದ್ದ ಡ್ರಿಪ್ಪಿನ ಬಾಟಲಿಯನ್ನು ಎತ್ತಿ ಹಿಡಿದು ನಾನು ಸೂರು ನೋಡುತ್ತಿದ್ದೆ. ಹನ್ನೊಂದು ಸಲದ ಅಭ್ಯಾಸವಲ್ಲವೇ?

"ಬಾಯೊಣಗ್ತದೆ," ಅಂದರು ಅತ್ತೆ. ನಾವು ಇನ್ನಷ್ಟು ಅತ್ತೆವು.

ಹಿಂದಿನಿಂದ ಮಾವ ಎಲ್ಲರನ್ನೂ ತಳ್ಳಿಕೊಂಡು ಬಂದರು. ಪಂಚೆ ಮುದುಡಿ, ಗಡ್ಡ ಬೆಳೆದು, ಮುಖ ನೋಡಲಾಗುತ್ತಿರಲಿಲ್ಲ. ಕೈಯಲ್ಲೊಂದು ಲೋಟ.

"ದಾರಿ ಬುಡ್ರಲಾ. ಇಷ್ಟು ಜನ ನಿಂತಿದ್ದೀರಿ, ಒಬ್ನಾದ್ರೂ ನೀರು ತಂದ್ರಾ?"

ತುಟಿ ಮಾತ್ರ ಒದ್ದೆ ಮಾಡಿ ಅಂದರು ನರ್ಸು. ಮಾವ ನೆಲಕ್ಕೆ ಮಂಡಿಯೂರಿ, ಹತ್ತಿಯನ್ನು ನೀರಿಗದ್ದಿ, ಅತ್ತೆಯ ತುಟಿಗೆ ಒತ್ತಿದರು. ನನಗೆ ಸೂರು ನೋಡಲಾಗಲಿಲ್ಲ.

"ಎದ್ದೇಳಿ, ಮಂಡಿ ನೋಯ್ತದೆ," ಅಂದರು ಅತ್ತೆ. ಮಾವ ಏಳಲಿಲ್ಲ.

ಅತ್ತೆ ಉಳಿದುಕೊಂಡರು. ಮಾವ ಆಮೇಲೆ ಒಂದು ಸಲವೂ ಸತ್ತಿಲ್ಲ. ಜ್ವರ ಬಂದರೆ ಒಳಕೋಣೆಯ ಕತ್ತಲಲ್ಲೇ ಮುದುರಿ ಮಲಗಿ, ಅತ್ತೆಯನ್ನು ಕರೆದು, "ಅಮ್ಮಿ, ಒಸಿ ನೀರು ಕೊಡು," ಅನ್ನುತ್ತಾರೆ.