ತಿರುಗುವ ಮೇಜು, ಓಡಿದ ಮೊಸರು

ನಮ್ಮ ಮುತ್ತಜ್ಜ ಹಾಳು ಬಾವಿಗೆ ಗಾಲಿ ಹೂಡಿ ನೀರೆತ್ತಿದವನು. ಅಜ್ಜ ಮಾಡಿದ ಬಂಡಿಚಕ್ರ ಹಳ್ಳಕ್ಕೆ ಇಳಿದರೆ ಹಳ್ಳವೇ ಸಪಾಟಾಗುತ್ತಿತ್ತು. ಅಪ್ಪ ಸಾಣೆಕಲ್ಲು ತಿರುಗಿಸಿ ಊರಿನ ಮೊಂಡು ಕತ್ತರಿಗಳಿಗೆಲ್ಲ ಮಾನ ತಂದುಕೊಟ್ಟ ಮಹಾಪುರುಷ. ಶಾಲೆಯ ಮೆಟ್ಟಿಲು ಹತ್ತದ ನಾನು ಕಲಿತದ್ದು ಈ ಮೂವರ ಒಂದೇ ಸೂತ್ರ: ‘ಸುತ್ತು ನೋಡು, ಸಾಕು.’ ಇಂಥ ಚಕ್ರವಂಶೋದ್ಭವನಿಗೆ ತಿರುಗುವುದರ ಬಗ್ಗೆ ಪಾಠ ಹೇಳುವುದೆಂದರೇನು? ಅದೂ ಸ್ವಂತ ಹೆಂಡತಿ!

‘ಉಪ್ಪು ಕೊಡಿ, ಮೊಸರು ದಾಟಿಸಿ’ ಎಂಬ ಊಟದ ಗಲಾಟೆ ತಪ್ಪಿಸಲು ನಾನೊಂದು ಯಂತ್ರ ಮಾಡಿದ್ದೆ. ಹಳೆಯ ಮೋಟಾರಿನ ಮೇಲೆ ತಟ್ಟೆಯಗಲದ ಹಲಗೆ. ಒಂದು ಉಸಿರಿಗೆ ಒಂದು ಸುತ್ತು. ಉಪ್ಪು, ತುಪ್ಪ, ಉಪ್ಪಿನಕಾಯಿ ಮದುಮಕ್ಕಳಂತೆ ಗಂಭೀರವಾಗಿ ಬಂದವು. ಹೆಂಡತಿ “ಪರವಾಗಿಲ್ಲ” ಅಂದಳು. (ಮದುವೆಯಾದ ಮೇಲೆ ಇದೇ ಮೊದಲು.) ಹೊಗಳಿಕೆ ನೆತ್ತಿಗೇರಿತು. ಬೀರುವಿನ ಬಾಗಿಲು ಕಿತ್ತು, ಇಡೀ ಮೇಜು ತುಂಬುವಷ್ಟು ದೊಡ್ಡ ಹಲಗೆ ಕೊಯ್ದು ಕೂರಿಸಿದೆ.

“ರೀ, ಅಂಚು ಯಾಕೋ ಓಡ್ತಿದೆ.”

“ಅದೇ ಮೋಟಾರು, ಅದೇ ಸುತ್ತು ಕಣೇ! ಸುಣ್ಣದ ಗುರುತು ಹಾಕಿ ನೋಡಿದೀನಿ. ನಡು ಬಿಟ್ಟು ಅಂಚೊಂದೇ ಮುಂದೆ ಓಡಿದ್ರೆ ಹಲಗೆ ಹರಿದು ಹೋಗಲ್ವಾ?”

“ಸರಿ. ನಾಳೆ ನನ್ನ ತಮ್ಮ ಊಟಕ್ಕೆ ಬರ್ತಾನೆ. ಒಂದು ತೊಟ್ಟು ಚೆಲ್ಲಿದ್ರೂ ಹಜಾರದಲ್ಲಿರೋ ನಿಮ್ಮ ಗುಜರಿಯೆಲ್ಲ ಹಿತ್ತಲಿನ ತಗಡಿನ ಶೆಡ್ಡಿಗೆ!”

ಗುಜರಿಯಂತೆ! ನನ್ನ ಕಾರ್ಯಾಗಾರ ಅದು, ನನ್ನ ಉಸಿರು. ಅದಿಲ್ಲದ ಹಜಾರದಲ್ಲಿ ನಾನು ಕೂತು ನೊಣ ಹೊಡೆಯಲೇ? ಆದರೂ ಒಪ್ಪಿದೆ. ಸೋಲುವ ಪ್ರಶ್ನೆ ಎಲ್ಲಿತ್ತು?

ಭಾವಮೈದ ಬಿಳಿ ಅಂಗಿ ತೊಟ್ಟು ಬಂದು ಕೂತ. ಗುಂಡಿ ಒತ್ತಿದೆ. ನಡುವಿನ ಹತ್ತಿರದ ಉಪ್ಪಿನ ಡಬ್ಬಿ ಋಷಿಯಂತೆ ಮೆಲ್ಲಗೆ ಸುತ್ತು ಬಂತು. ಅಂಚಿನ ಮೊಸರಿನ ಪಾತ್ರೆ ಮಾತ್ರ ಅವನು ಸೌಟು ಎತ್ತುವಷ್ಟರಲ್ಲಿ ದಾಟಿಹೋಗಿತ್ತು.

“ಏನು ಭಾವ, ಇದು ಊಟಾನಾ, ಬೇಟೆನಾ?”

“ಮುಂದಿನ ಸುತ್ತಿಗೆ ಹಿಡಿಯಯ್ಯಾ!”

ಮುಂದಿನ ಸುತ್ತಿಗೆ ಅವನು ಹಿಡಿಯಲಿಲ್ಲ. ಮೊಸರೇ ಅವನನ್ನು ಹಿಡಿಯಿತು. ಪಾತ್ರೆ ಜಾರಿ ಅಂಗಿಯನ್ನು ತಬ್ಬಿತು. ಅದರ ಹಿಂದೆಯೇ ಅನ್ನ, ತಂಗಿಯ ಹಿಂದೆ ಅಣ್ಣನಂತೆ.

ಹೆಂಡತಿ ಬಟ್ಟೆ ತರಬೇಕಲ್ಲವೇ? ದಾರ ತಂದಳು! ಉಪ್ಪು ಸುತ್ತಿದ ದಾರಿ ಅಳೆದಳು, ಮೊಸರು ಸುತ್ತಿದ ದಾರಿ ಅಳೆದಳು.

“ನೋಡಿ. ಒಂದುಸಿರಲ್ಲಿ ಉಪ್ಪು ಒಂದು ಗೇಣು ನಡೆದ್ರೆ ಸಾಕು. ಅದೇ ಉಸಿರಲ್ಲಿ ಮೊಸರು ಎರಡು ಮಾರು ಓಡ್ಬೇಕು. ಸುತ್ತು ಒಂದೇ ಇರ್ಬಹುದು, ದಾರಿ ಒಂದೇನಾ?”

ದಾರ ಎಳೆದರೆ ಉದ್ದವಾಗುತ್ತದೆ ಎಂದು ವಾದಿಸಿದೆ. ಕೇಳುವವರಾರು? ಅವಳು ಆಗಲೇ ನನ್ನ ಸುತ್ತಿಗೆ, ಇಕ್ಕಳಗಳನ್ನು ಬುಟ್ಟಿಗೆ ತುಂಬುತ್ತಿದ್ದಳು. ನಾನು ಹಲ್ಲು ಕಚ್ಚಿ ಕಬ್ಬಿಣ ಬಡಿಯುವ ಅಡಿಗಲ್ಲು ಎತ್ತಿದೆ. ಸೊಂಟ ‘ಕಟಕ್’ ಎಂದಿತು. ನಡು ಬಗ್ಗಿದ್ದು ನೆಟ್ಟಗಾಗಲಿಲ್ಲ.

“ಭಾವ, ನಾನೊಂದು ಕಡೆ ಹಿಡೀತೀನಿ. ಮೋಟಾರೂ ನಿಧಾನ ಮಾಡಿಕೊಡ್ತೀನಿ,” ಎಂದು ಭಾವಮೈದ ಮೊಸರಿನ ಕೈ ಚಾಚಿದ.

“ದೂರ ಇರಯ್ಯಾ! ನಿನ್ನ ಸಹಾಯ ಯಾರಿಗೆ ಬೇಕು? ನಾನು ಶೆಡ್ಡಿಗೆ ಬಗ್ಗಿಕೊಂಡೇ ಹೋಗೋನು. ಬಾಗಿಲು ಗಿಡ್ಡ ಇದೆ!”