ಕೆಂಪು ಪಟ್ಟಿಯ ಡಬ್ಬ

ನೆಂಟರೆಲ್ಲ ಹೊರಟುಹೋದ ಮೇಲಿನ ಮೊದಲ ಬೆಳಗು. ಒಬ್ಬಳಿಗೆ ಕಾಫಿ ಎಷ್ಟು ಬೇಕೆಂದು ತಿಳಿಯದೆ ಅರ್ಗಿರೋ ಇಬ್ಬರಿಗಾಗುವಷ್ಟು ಕಾಯಿಸಿದಳು. ಸಕ್ಕರೆ ಹಾಕಲಿಲ್ಲ, ಸಾವಾದ ಮನೆಯಲ್ಲಿ ಹಾಕುವಂತಿಲ್ಲ. ಮೂಲೆಯಲ್ಲಿ, ನಲವತ್ತು ದಿನ ಆರಬಾರದ ಎಣ್ಣೆ ದೀಪ ಚಟಪಟ ಎನ್ನುತ್ತ ಹೊಗೆಯುಗುಳುತ್ತಿತ್ತು. ಅಷ್ಟರಲ್ಲಿ ಮನೂಸೊಸ್‌ನ ಫೋನು ಹೊಡೆದುಕೊಂಡಿತು.

ಅವಳ ಗಂಡ ಮನೂಸೊಸ್ ತೀರಿಕೊಂಡದ್ದು ಕುರ್ಚಿಯಲ್ಲಿ ಕೂತು ಬೂಟು ಬಿಚ್ಚುವಾಗ. ಒಂದು ಬೂಟು ಬಿಚ್ಚಿದ್ದ, ಇನ್ನೊಂದು ಕಾಲಲ್ಲೇ ಇತ್ತು. ಯಾವ ಕೆಲಸವನ್ನೂ ಪೂರ್ತಿ ಮುಗಿಸಿದವನಲ್ಲ ಅವನು. ಯಜಮಾನ ಹೋದ ಸುದ್ದಿ ಫೋನಿಗೆ ಇನ್ನೂ ಮುಟ್ಟಿರಲಿಲ್ಲ.

"ಮನೂಸೊಸ್! ಬಸ್ಸು ಹೊರಟಿದೆ ಕಣೋ!" ಹಾನ್ಯಾ ಪಟ್ಟಣದಿಂದ ಪ್ರವಾಸಿಗರನ್ನು ಊರೂರು ಸುತ್ತಿಸುವ ದಾಫ್ನಿಯ ದನಿ. "ಮಧ್ಯಾಹ್ನದ ಹೊತ್ಗೆ ಅಲ್ಲಿರ್ತೀವಿ. ಆಲಿವ್ ತೋಟ ತೋರ್ಸು, ಎಣ್ಣೆ ರುಚಿ ನೋಡ್ಸು. ಇವ್ರಿಗೆ ಹಿಡಿಸ್ತೋ, ಬೇಸಿಗೆ ಪೂರ್ತಿ ಪ್ರತಿ ಶುಕ್ರವಾರ ಬಸ್ಸು ನಿಮ್ಮಲ್ಲಿಗೇ. ಹಲೋ?"

"ಮನೂಸೊಸ್ ತೀರ್ಕೊಂಡ," ಎಂದಳು ಅರ್ಗಿರೋ.

ದಾಫ್ನಿ, "ಅಯ್ಯೋ ದೇವರೇ. ಗೊತ್ತಿರ್ಲಿಲ್ಲಮ್ಮ. ಬಸ್ಸು ತಿರುಗಿಸ್ತೀನಿ," ಎಂದಳು.

ತಿರುಗಿಸಿ ಎನ್ನಲು ಅರ್ಗಿರೋ ಬಾಯಿ ತೆರೆದಿದ್ದಳು. ಆಗಲೇ ಅವಳ ಭಾವ, ಮನೂಸೊಸ್‌ನ ಅಣ್ಣ ಸಿಫಿಸ್, ಬಾಗಿಲು ತಟ್ಟದೆ ಒಳಗೆ ಬಂದ. ಅವನ ಮೀಸೆ ಯಾವಾಗಲೂ ಅವನಿಗಿಂತ ಒಂದು ಹೆಜ್ಜೆ ಮುಂಚೆ ಒಳಗೆ ಬರುತ್ತಿತ್ತು.

"ನೋಡು ಅರ್ಗಿರೋ, ನಾನು ಎಲ್ಲಾ ಯೋಚ್ನೆ ಮಾಡಿದೀನಿ," ಎಂದ. "ನೀನು ಓದಿರೋಳು. ಪಟ್ಟಣಕ್ಕೆ, ನಿಮ್ಮಮ್ಮನ ಮನೆಗೆ ಹೋಗ್ಬಿಡು. ಮರಗಳನ್ನ ನಾನು ನೋಡ್ಕೋತೀನಿ. ನಡುವಿನ ಗೋಡೆ ಒಡೆದ್ರೆ ನಿಮ್ ತೋಟ ನಮ್ ತೋಟ ಎರಡೂ ಒಂದೇ." ಹೇಳುತ್ತಲೇ ಮೊಳೆಗೆ ತೂಗುಹಾಕಿದ್ದ ತೋಟದ ಕೀಲಿಕೈ ತೆಗೆದು ಜೇಬಿಗೆ ಇಳಿಸಿದ.

ಅರ್ಗಿರೋ ಆ ಖಾಲಿ ಮೊಳೆ ನೋಡಿದಳು. ಫೋನಿಗೆ ಹೇಳಿದಳು: "ಬರಲಿ."

"ಏನು ಬರಲಿ?"

"ಬಸ್ಸು. ಎಣ್ಣೆ ರುಚಿ ನೋಡೋಕೆ ಜನ ಬರ್ತಿದಾರೆ, ಭಾವ. ಕೀಲಿಕೈ ಕೊಡಿ."

ಸಿಫಿಸ್ ನಕ್ಕ. "ಮನೂಸೊಸ್ ಎಣ್ಣೇನಾ? ಬಂದೋರ್ ಪೈಕಿ ಒಬ್ರಾದ್ರೂ ‘ಇನ್ನೊಂದ್ ಸಲ ಹಾಕಿ’ ಅನ್ಲಿ, ಕೀಲಿಕೈ ಅಲ್ಲೇ ಮೇಜಿನ ಮೇಲಿಡ್ತೀನಿ. ಮತ್ತೆ ತೋಟದ ಮಾತು ಎತ್ತಲ್ಲ. ಅನ್ಲಿಲ್ವೋ, ನಾಳೆ ಬೆಳಗ್ಗೆ ನಾನೇ ನಿನ್ನ ಪಟ್ಟಣಕ್ಕೆ ಬಿಟ್ಬರ್ತೀನಿ."

"ಆಗ್ಲಿ," ಎಂದಳು. ಬಾಗಿಲ ಚೌಕಟ್ಟು ಹಿಡಿದುಕೊಂಡಳು.

ವಿಶ್ವವಿದ್ಯಾಲಯದಲ್ಲಿ ಅರ್ಗಿರೋ ಓದಿದ್ದು ಪ್ರಾಚೀನ ಕಾಲದ ಮಡಕೆಗಳ ಬಗ್ಗೆ. ಸಾವಿರಾರು ವರ್ಷದ ಹಿಂದಿನ ಎಣ್ಣೆ ಜಾಡಿಯ ಚೂರೊಂದನ್ನು ಕೈಗಿಟ್ಟರೆ ಅದರ ಜಾತಕ ಹೇಳುವಳು. ಈ ವರ್ಷದ ಎಣ್ಣೆ ಕೊಟ್ಟಿಗೆಯಲ್ಲಿ ಎಲ್ಲಿದೆ ಎಂಬುದು ಮಾತ್ರ ಅವಳಿಗೆ ತಿಳಿಯದು. ಅದು ಮನೂಸೊಸ್‌ನ ತಲೆಯಲ್ಲಿತ್ತು. ತಲೆಯ ಸಮೇತ ಹೋಗಿತ್ತು.

ಕೊಟ್ಟಿಗೆಯಲ್ಲಿ ತಗಡಿನ ಡಬ್ಬಗಳು ಸಾಲಾಗಿ ನಿಂತಿದ್ದವು. ಮೊದಲನೆಯದಕ್ಕೆ ಬೆರಳದ್ದಿ ನೆಕ್ಕಿದಳು. ಒದ್ದೆ ಕಾಲುಚೀಲ ಬಾಯಲ್ಲಿಟ್ಟಂತಾಯಿತು. ಎರಡನೆಯದು ಅದರ ಅಣ್ಣ. ಮೂರನೆಯದರ ಮುಚ್ಚಳ ತೆಗೆದು ಹಾಗೆಯೇ ಮುಚ್ಚಿದಳು. ಆಮೇಲೆ ಮೂಲೆಯಲ್ಲಿ, ಗೋಣಿಚೀಲದ ಕೆಳಗೆ, ಇನ್ನೊಂದು ಡಬ್ಬ ಕಂಡಿತು. ಅದರ ಹಿಡಿಗೆ ಕೆಂಪು ಬಟ್ಟೆಯ ಪಟ್ಟಿ ಕಟ್ಟಿತ್ತು. ಬಾಗಿಸಿದರೆ ಹಸಿರು ಎಣ್ಣೆ, ಆಗ ತಾನೆ ಕೊಯ್ದ ಹುಲ್ಲಿನ ವಾಸನೆ. ನುಂಗಿದರೆ ಗಂಟಲಿನಲ್ಲಿ ಮೆಣಸು ಜಗಿದಂಥ ಖಾರ. ಕೆಮ್ಮು ಬಂತು.

ಒಳ್ಳೆಯದನ್ನು ಗುರುತು ಹಾಕಿ ಬೇರೆ ಇಟ್ಟಿದ್ದಾನೆ, ಎಂದುಕೊಂಡಳು. ಒಂದಾದರೂ ಕೆಲಸ ಪೂರ್ತಿ ಮಾಡಿದ್ದಾನೆ. ಡಬ್ಬ ಎತ್ತಿಕೊಂಡು ಹೊರಗೆ ಬರುವಾಗ ಬೆನ್ನು ನೆಟ್ಟಗಾಗಿತ್ತು.

ಅಂಗಳದಲ್ಲಿ ಪಕ್ಕದ ಮನೆಯ ಎವಾಂಥಿಯಾ ಅತ್ತೆ ನಿಂತಿದ್ದಳು. ಊರಿನ ಯಾವ ಸಾವಿನ ಮನೆಯಲ್ಲೂ ಅವಳ ಅಪ್ಪಣೆಯಿಲ್ಲದೆ ಕುರ್ಚಿ ಸರಿಸುವಂತಿರಲಿಲ್ಲ. ಕೈಯಲ್ಲಿ ದೊಡ್ಡ ತಟ್ಟೆ. ಅದರಲ್ಲಿ ಬೇಯಿಸಿದ ಗೋಧಿ, ಮೇಲೆ ಸಕ್ಕರೆ, ದಾಳಿಂಬೆ, ಬಾದಾಮಿ. ಸತ್ತವನ ಹೆಸರಿನಲ್ಲಿ ಸಂಜೆ ಚರ್ಚಿನಲ್ಲಿ ಹಂಚಬೇಕಾದ ಕೋಲಿವಾ.

"ಬಸ್ ಬರತ್ತಂತೆ?" ಎಂದಳು. "ಗಂಡನ್ನ ಮಣ್ಣಿಗಿಟ್ಟು ವಾರವಾಗಿಲ್ಲ, ಜಾತ್ರೆ ಮಾಡ್ತೀಯೇನೇ?"

"ಕೂತ್ಕೊಳ್ಳಿ ಅತ್ತೆ."

"ಕೂತ್ಕೋತೀನಿ. ಇಲ್ಲೇ, ಬಾಗಿಲಲ್ಲೇ ಕೂತು ಅಳ್ತೀನಿ. ಬಂದೋರು ನೋಡ್ಲಿ. ನಾಚ್ಕೆ ಆಗೋದು ಯಾರಿಗೆ ಅಂತ ಗೊತ್ತಾಗತ್ತೆ." ತಟ್ಟೆಯನ್ನು ಕಟ್ಟೆಯ ಮೇಲಿಟ್ಟು ಬೀದಿಯ ಇನ್ನಿಬ್ಬರು ಮುದುಕಿಯರನ್ನು ಕೂಗಿ ಕರೆದಳು. ಮೂವರೂ ಕಪ್ಪು ಬಟ್ಟೆ ಹೊದ್ದು, ತಂತಿಯ ಮೇಲಿನ ಕಾಗೆಗಳಂತೆ ಸಾಲಾಗಿ ಕೂತರು.

ಬಸ್ಸು ಬಂದಾಗ ಶೋಕದ ಹಾಡು ಶುರುವಾಯಿತು. "ಓ ಮನೂಸೊಸ್, ನೀನು ನೆಟ್ಟ ಮರಕ್ಕೆ ಯಾರಪ್ಪಾ ದಿಕ್ಕು..." ಪ್ರವಾಸಿಗರು ಒಬ್ಬೊಬ್ಬರಾಗಿ ಇಳಿದರು, ಟೋಪಿ ತೆಗೆದರು, ಉಸಿರು ಬಿಗಿಹಿಡಿದು ಕೇಳಿದರು. ಹಾಡು ನಿಂತದ್ದೇ ಚಪ್ಪಾಳೆ ತಟ್ಟಿದರು.

ಎವಾಂಥಿಯಾ ಅತ್ತೆ ಕಲ್ಲಾದಳು. "ಇವ್ರೇನು ನಗಾಡ್ತಿದಾರಾ?"

ದಾಫ್ನಿ ಓಡಿಬಂದಳು. "ಇಲ್ಲಜ್ಜಿ, ಇಂಥ ದನಿ ಅವ್ರ ಜನ್ಮದಲ್ಲೇ ಕೇಳಿಲ್ವಂತೆ. ಇನ್ನೊಂದ್ ಹಾಡಿ ಅಂತಿದಾರೆ."

ಅತ್ತೆ ತಲೆಯ ಬಟ್ಟೆ ಸರಿಮಾಡಿಕೊಂಡಳು. "ಎರಡನೇದು ಇನ್ನೂ ಚೆನ್ನಾಗಿದೆ," ಎಂದಳು ಗಂಭೀರವಾಗಿ. ಅವತ್ತು ನಾಚಿಕೆ ಆಗಬೇಕಾದವರು ಯಾರೆಂಬ ಪ್ರಶ್ನೆ ಅಲ್ಲಿಗೇ ಉಳಿಯಿತು.

ಕೀಲಿಕೈ ಇಲ್ಲದ್ದರಿಂದ ಅರ್ಗಿರೋ ಜನರನ್ನು ಅಂಗಳದ ಮೋಟುಗೋಡೆ ದಾಟಿಸಿ ಮರಗಳ ನಡುವೆ ಕರೆದೊಯ್ದಳು. ಮರಗಳ ಬಗ್ಗೆ ತಿಳಿದದ್ದು ಕಡಿಮೆ, ತಿಳಿದಷ್ಟನ್ನೇ ಹೇಳಿದಳು. "ಇದು ಅವನ ಅಜ್ಜ ನೆಟ್ಟಿದ್ದು. ಇದು ಅವನು ನೆಟ್ಟಿದ್ದು. ಇದರ ಕೆಳಗೆ ಅವನು ಮಲಗ್ತಿದ್ದ." ದಾಫ್ನಿ ಅನುವಾದಿಸುತ್ತ ಎರಡು ಸಲ ಮೂಗು ಒರೆಸಿಕೊಂಡಳು.

ಆಮೇಲೆ ಮೇಜಿನ ಮೇಲೆ ನೀಲಿ ಲೋಟಗಳು ಬಂದವು. ಅಂಗೈಯಲ್ಲಿ ಹಿಡಿದು ಬೆಚ್ಚಗೆ ಮಾಡಬೇಕು, ಮೂಸಬೇಕು, ಒಂದು ಗುಟುಕು ಬಾಯಿಗಿಟ್ಟು ಸೊರ್ರ್ ಎಂದು ಗಾಳಿ ಎಳೆಯಬೇಕು. ಅಂಗಳವೆಲ್ಲ ಸೊರ್ರ್ ಎಂದಿತು. ಮರುಕ್ಷಣ ಬಸ್ಸಿಗೆ ಬಸ್ಸೇ ಕೆಮ್ಮತೊಡಗಿತು.

"ವಿಷ ಹಾಕಿದ್ಲು!" ಎಂದು ಎವಾಂಥಿಯಾ ಅತ್ತೆ ಶಿಲುಬೆಯ ಗುರುತು ಮಾಡಿಕೊಂಡು ಬೀದಿಗೆ ಓಡಿದಳು. "ಸ್ವಾಮೀ, ಓಡ್ಬನ್ನಿ! ಒಂದು ಬಸ್ ಜನ ಸಾಯ್ತಿದಾರೆ!"

ಪಾದ್ರಿ ಗಡ್ಡ ಹಾರಿಸುತ್ತ ಬಂದರು. ಏನೂ ಕೇಳದೆ ಲೋಟ ಎತ್ತಿ ಕುಡಿದರು, ಅವರೂ ಕೆಮ್ಮಿದರು, ಕಣ್ಣೊರೆಸಿಕೊಂಡರು. "ಎಳೇ ಕಾಯಿ ಎಣ್ಣೆ ಕೆಮ್ಮಿಸ್ಬೇಕು ಕಣಮ್ಮ. ಒಳ್ಳೇದೇ ಇದೆ."

"ಒಳ್ಳೇದಾ?" ಗುಂಪನ್ನು ಸೀಳಿಕೊಂಡು ಸಿಫಿಸ್ ಬಂದ. ಬೆಳಗಿನಿಂದ ಈ ಗಳಿಗೆಗೇ ಕಾದಿದ್ದವನಂತೆ ಲೋಟ ಎತ್ತಿದ. ಎಣ್ಣೆ ತುಟಿ ದಾಟುವ ಮೊದಲೇ ಉಗಿದ. "ಥೂ! ದೀಪಕ್ಕೆ ಹಾಕೋ ಎಣ್ಣೆ ಇದು! ಸ್ವಾಮಿ, ಎಲ್ರ ಮುಂದೆ ಹೇಳ್ತೀನಿ, ಇಂಥ ಎಣ್ಣೆ ನಮ್ಮನೇಲಿದ್ದಿದ್ರೆ ಚರಂಡಿಗೆ ಸುರೀತಿದ್ದೆ. ನಮ್ ತಮ್ಮ ಒಳ್ಳೆಯವನೇ, ಆದ್ರೆ ಎಣ್ಣೆ ವಿಷ್ಯದಲ್ಲಿ ಶೂನ್ಯ."

ದಾಫ್ನಿ ಅದನ್ನು ಅನುವಾದಿಸಲಿಲ್ಲ. ಆದರೆ ಉಗಿದದ್ದಕ್ಕೆ ಅನುವಾದ ಬೇಕಿರಲಿಲ್ಲ. ಜನ ಲೋಟಗಳನ್ನು ಒಂದೊಂದಾಗಿ ಕೆಳಗಿಟ್ಟರು. ಗಂಟಲಿನ ಖಾರಕ್ಕೆ ರೊಟ್ಟಿ ಕೇಳಿದರು. ಸಾವಿನ ಮನೆಯಲ್ಲಿ ರೊಟ್ಟಿ ಎಲ್ಲಿಂದ ಬರಬೇಕು? ಸಿಫಿಸ್ ಜೇಬಿನೊಳಗಿಂದಲೇ ಕೀಲಿಕೈ ಕುಲುಕಿಸಿದ. ಆ ಸದ್ದು ಅರ್ಗಿರೋಗೆ ಮಾತ್ರ ಕೇಳಿಸಿತು.

ಅವಳು ಕಟ್ಟೆಯ ಮೇಲಿದ್ದ ತಟ್ಟೆ ಎತ್ತಿಕೊಂಡಳು.

"ಏಯ್! ಅದು ಸತ್ತವ್ನ ಹೆಸ್ರಿಂದು ಕಣೇ!" ಎಂದು ಚೀರಿದಳು ಎವಾಂಥಿಯಾ ಅತ್ತೆ. "ತಿಂದೋರು ‘ದೇವ್ರು ಅವನನ್ನ ಕ್ಷಮಿಸ್ಲಿ’ ಅನ್ಬೇಕು! ಇವ್ರಿಗೆ ಬರತ್ತಾ?"

"ಕಲಿಸ್ತೀನಿ," ಎಂದಳು ಅರ್ಗಿರೋ.

ಕಲಿಸಿದಳು. ಒಬ್ಬೊಬ್ಬರ ಅಂಗೈಗೂ ಒಂದೊಂದು ಚಮಚ ಗೋಧಿ ಹಾಕಿ, ಒಂದೊಂದೇ ಪದ ಹೇಳಿಸಿದಳು. ಬಸ್ಸಿಗೆ ಬಸ್ಸೇ ಮುರುಕು ಗ್ರೀಕಿನಲ್ಲಿ, ಬಾಯಿ ತುಂಬ ಗೋಧಿ ತುಂಬಿಕೊಂಡು, ದೇವರು ಮನೂಸೊಸ್‌ನನ್ನು ಕ್ಷಮಿಸಲಿ ಎಂದಿತು. ಪಾದ್ರಿ ಟೋಪಿ ತೆಗೆದರು. "ಬದುಕಿದ್ದಾಗ ಚರ್ಚಿನ ಬಾಗಿಲು ತುಳಿದವನಲ್ಲ," ಎಂದರು ಮೆಲ್ಲಗೆ, "ಇಷ್ಟು ಜನರ ಪ್ರಾರ್ಥನೆ ನನಗೂ ಸಿಗಲ್ಲ." ಎವಾಂಥಿಯಾ ಅತ್ತೆ ಮೊದಲ ಸಲ ನಿಜವಾಗಿ ಅತ್ತಳು.

ಆಗ ಬೆಳ್ಳಿಕೂದಲಿನ ಹೆಂಗಸೊಬ್ಬಳು, ಡೆನ್ಮಾರ್ಕಿನಲ್ಲಿ ಅವಳದೊಂದು ಅಂಗಡಿಯಂತೆ, ತನ್ನ ಪಾಲಿನ ಗೋಧಿಯ ಮೇಲೆ ಎಣ್ಣೆ ಹುಯ್ದುಕೊಂಡು ಬಾಯಿಗಿಟ್ಟಳು. ಕಣ್ಣು ಮುಚ್ಚಿದಳು. ಕೆಮ್ಮಿದಳು. ಲೋಟ ಮುಂದೆ ಹಿಡಿದು ಏನೋ ಹೇಳಿದಳು.

"ಇನ್ನೊಂದ್ ಸಲ ಹಾಕಿ ಅಂತಿದಾರೆ," ಎಂದಳು ದಾಫ್ನಿ.

ಅವಳ ಹಿಂದೆ ಇನ್ನೊಂದು ಲೋಟ ಚಾಚಿಕೊಂಡಿತು. ಇನ್ನೊಂದು. ಮತ್ತೊಂದು. ಡಬ್ಬ ಅರ್ಧಕ್ಕಿಳಿಯಿತು. ಬಸ್ಸು ಹತ್ತುವಾಗ ದಾಫ್ನಿ ಅರ್ಗಿರೋಳ ಎರಡೂ ಕೈ ಹಿಡಿದು, "ಶುಕ್ರವಾರ, ಇದೇ ಎಣ್ಣೆ," ಎಂದಳು.

ಸಿಫಿಸ್ ಕೀಲಿಕೈಯನ್ನು ಮೇಜಿನ ಮೇಲೆ ಇಟ್ಟನೋ ಎಸೆದನೋ ಹೇಳುವುದು ಕಷ್ಟ. "ಪರದೇಶದೋರಿಗೆ ನಾಲಿಗೇನೇ ಇಲ್ಲ," ಎಂದು ಗೊಣಗಿಕೊಂಡು ಚೌಕದ ಕಾಫಿ ಅಂಗಡಿಯ ಕಡೆ ನಡೆದ.

ಅರ್ಗಿರೋ ಕೀಲಿಕೈಯನ್ನು ಜೇಬಿಗೆ ಹಾಕಿಕೊಂಡಳು. ಬೆಳಗಿನ ತಣ್ಣಗಾದ ಕಾಫಿಯಲ್ಲಿ ಎರಡನೆಯ ಪಾಲನ್ನೂ ಕುಡಿದಳು.

ಹಿಂದಿನ ಬಾಗಿಲಿನಿಂದ ಯಾರೋ ಮೆಲ್ಲಗೆ ಕರೆದರು. ಸಿಫಿಸ್‌ನ ಹೆಂಡತಿ ಲೆಮೋನಿಯಾ.

"ಬಾ ಅಕ್ಕ. ಗೆದ್ದೆ ಕಣೇ ಅಕ್ಕ."

"ನೋಡ್ದೆ." ಲೆಮೋನಿಯಾ ಸೆರಗಿನಂತೆ ಏಪ್ರನ್ ಹಿಂಡುತ್ತಿದ್ದಳು. ಕೆಂಪು ಏಪ್ರನ್. ಅಂಚಿನಲ್ಲಿ ಒಂದು ಪಟ್ಟಿ ಹರಿದಿತ್ತು. "ಅರ್ಗಿರೋ, ಬೈಬೇಡ. ಆ ಡಬ್ಬ ನಮ್ದು."

ಅರ್ಗಿರೋ ಡಬ್ಬದ ಹಿಡಿ ನೋಡಿದಳು, ಏಪ್ರನ್ ನೋಡಿದಳು.

"ಮನೂಸೊಸ್ ಕಾಯಿನ ಗಾಣಕ್ಕೆ ಇವತ್ತು ಒಯ್ತೀನಿ, ನಾಳೆ ಒಯ್ತೀನಿ ಅಂತ ಮೂಟೇಲೇ ಬಿಟ್ಟ. ಬಿಸಿಯೇರಿ ಕೆಟ್ಟೋಯ್ತು. ಎಣ್ಣೆಯೆಲ್ಲಾ ಹಾಳು. ಬಸ್ ಬರೋದು ಗೊತ್ತಿತ್ತಲ್ಲ, ನನ್ನತ್ರ ಬಂದ. ‘ಒಂದು ಡಬ್ಬ ಕೊಡಿ ಅತ್ತಿಗೆ, ಅಣ್ಣನಿಗೆ ಹೇಳ್ಬೇಡಿ. ಅರ್ಗಿರೋಗಂತೂ ಹೇಳ್ಲೇಬೇಡಿ. ಊರಿಗೆಲ್ಲ ಒಳ್ಳೇ ಎಣ್ಣೆ ನಂದು ಅಂತ ಹೇಳಿ ಅವಳನ್ನ ಪಟ್ಟಣದಿಂದ ಮದ್ವೆಯಾಗಿ ಕರ್ಕೊಂಬಂದಿದೀನಿ’ ಅಂದ."

ಮೂಲೆಯಲ್ಲಿ ದೀಪ ಚಟಪಟ ಎಂದಿತು, ಹೊಗೆ ಬಿಟ್ಟಿತು. ತಮ್ಮ ತೋಟದ ಎಣ್ಣೆ ಯಾವುದೆಂದು ಅರ್ಗಿರೋಗೆ ಈಗ ಅರ್ಥವಾಯಿತು. ದಿನವೂ ದೀಪದ ಪಕ್ಕದ ಸೀಸೆಯಿಂದ ಅವನಿಗಾಗಿ ಅವನದೇ ಹಾಳು ಎಣ್ಣೆ ಹುಯ್ಯುತ್ತಿದ್ದಳು. ನಗು ಬಂತು. ಸತ್ತವನ ಮೇಲೆ ಕೋಪವೂ ಬಂತು. ಕೋಪ ಬಂದದ್ದು ಅದೇ ಮೊದಲು. ಮೈಗೆ ಜೀವ ಬಂದಂತಾಯಿತು.

"ಸಿಫಿಸ್ ಡಬ್ಬ ಎಣಿಸೋ ಮನುಷ್ಯ," ಎಂದಳು ಲೆಮೋನಿಯಾ. "ಕತ್ತಲಾದ್ಮೇಲೆ ನಮ್ ಹಿಂಬಾಗಿಲ ಹತ್ರ ಇಟ್ಬಿಡು. ಅರ್ಧ ಕಮ್ಮಿ ಇದ್ರೆ ಸೋರಿಹೋಯ್ತು ಅಂತೀನಿ. ಯಾರಿಗೂ ಗೊತ್ತಾಗಲ್ಲ."

"ಹಿಂಬಾಗಿಲಿಂದ ತಂದಿದ್ದು ಅವನು, ಅಕ್ಕ. ಕೊಡ್ತಿರೋದು ನಾನು." ಅರ್ಗಿರೋ ಕೆಂಪು ಪಟ್ಟಿ ಬಿಚ್ಚಿ ಲೆಮೋನಿಯಾಳ ಕೈಗಿಟ್ಟಳು. "ಇದನ್ನ ಒಲೆಗೆ ಹಾಕು. ನಿನ್ ಹೆಸ್ರು ನನ್ ಬಾಯಿಂದ ಬರಲ್ಲ."

ಶೋಕದ ಬಟ್ಟೆ ತೊಟ್ಟ ಹೆಂಗಸು ಆ ಊರಿನ ಕಾಫಿ ಅಂಗಡಿಯೊಳಗೆ ಕಾಲಿಟ್ಟದ್ದನ್ನು ಯಾರೂ ನೋಡಿರಲಿಲ್ಲ. ದಾಳ ಉರುಳಿಸುತ್ತಿದ್ದ ಕೈಗಳು ನಿಂತವು. ಪಾದ್ರಿ ಲೋಟ ಇಳಿಸಿದರು. ಅರ್ಗಿರೋ ನೇರವಾಗಿ ಹೋಗಿ ಸಿಫಿಸ್‌ನ ಮುಂದೆ ಡಬ್ಬ ಇಟ್ಟಳು.

"ಭಾವ, ನಿಮ್ಮ ಡಬ್ಬ. ನಿಮ್ ತಮ್ಮ ತಂದಿದ್ರು. ಹಿಂದಕ್ಕೆ ಕೊಡೋಕೆ ಅವ್ರಿಗೆ ಪುರುಸೊತ್ತಾಗ್ಲಿಲ್ಲ."

ಸಿಫಿಸ್ ಡಬ್ಬ ತಿರುಗಿಸಿ ನೋಡಿದ. ಬುಡದಲ್ಲಿ ಅವನೇ ಕೊರೆದ ಗುರುತಿತ್ತು. "ಯಾರು ಕೊಟ್ರು ಅವನಿಗೆ?"

"ನಿಮ್ ತಮ್ಮನ್ನೇ ಕೇಳಿ."

ಪಾದ್ರಿ ಗಡ್ಡ ನೀವಿಕೊಂಡರು. "ಅಂದ್ರೆ ಸಿಫಿಸ್, ಮಧ್ಯಾಹ್ನ ನೀನು ಉಗಿದಿದ್ದು ನಿನ್ ಎಣ್ಣೇನೇ?"

ಅಂಗಡಿ ಬಿದ್ದುಬಿದ್ದು ನಕ್ಕಿತು. ಸಿಫಿಸ್‌ನ ಮೀಸೆ ಒಮ್ಮೆ ಇಳಿಯಿತು, ಆಮೇಲೆ ನಿಧಾನವಾಗಿ ಏರಿತು. "ನಗ್ರಿ, ನಗ್ರಿ. ಹಾಗಾದ್ರೆ ಆ ಬೆಳ್ಳಿಕೂದ್ಲೋಳು ಮೆಚ್ಚಿದ್ದು ನನ್ ಎಣ್ಣೆ. ಶುಕ್ರವಾರ ಬರೋ ಬಸ್ಸಿಗೆ ಬೇಕಾಗಿರೋದೂ ನನ್ ಎಣ್ಣೆ. ನಿನ್ನತ್ರ ಏನಿದೆ ಅರ್ಗಿರೋ? ಒಂದು ತೊಟ್ಟಿದ್ಯಾ? ಕೊಡು ಕೀಲಿಕೈ."

ಅವಳ ಹತ್ತಿರ ಒಳ್ಳೆಯ ಎಣ್ಣೆ ಒಂದು ತೊಟ್ಟೂ ಇರಲಿಲ್ಲ. ಅದು ಅಂಗಡಿಯಲ್ಲಿದ್ದವರಿಗೆಲ್ಲ ಈಗ ಗೊತ್ತಾಗಿತ್ತು. ಅವಳು ಜೇಬಿನೊಳಗೆ ಕೀಲಿಕೈಯನ್ನು ಮುಷ್ಟಿಯಲ್ಲಿ ಹಿಡಿದುಕೊಂಡಳು.

"ಡಬ್ಬ ನಿಮ್ದು, ತಂದ್ಕೊಟ್ಟೆ. ಕೀಲಿಕೈ ನಂದು," ಎಂದಳು. "ಇನ್ನು ಎಣ್ಣೆ ವಿಷ್ಯ. ಚರಂಡಿಗೆ ಸುರಿಯೋಂಥದ್ದು ಅಂತ ನೀವೇ ಸ್ವಾಮಿಗಳ ಮುಂದೆ ಹೇಳಿದೀರಿ. ಸುರೀಬೇಡಿ ಭಾವ. ಶುಕ್ರವಾರ ಬೆಳಗ್ಗೆ ನಾನೇ ಬರ್ತೀನಿ ಎಣ್ಣೆ ಸಾಲ ಕೇಳೋಕೆ, ಮುಂಬಾಗಿಲಿಗೇ. ನಮ್ಮನೆ ಜನ ತಗೊಂಡಿದ್ದನ್ನ ಹಿಂದಕ್ಕೆ ಕೊಡ್ತಾರೆ ಅನ್ನೋದನ್ನ ಇವತ್ತು ಎಲ್ರೂ ನೋಡಿದಾರಲ್ಲ."

ಅರ್ಧ ಡಬ್ಬವನ್ನು ಅವನ ಕಡೆಗೆ ಇನ್ನೊಂದಿಷ್ಟು ತಳ್ಳಿದಳು.