ಮಾವನ ನಾಲ್ಕು ಚಿತ್ರ

ಅಂಬಣ್ಣನಿಗೆ ಮನೆಯಲ್ಲಿ ಮರ್ಯಾದೆ ಸಿಗತೊಡಗಿ ಸರಿಯಾಗಿ ಮೂರು ತಿಂಗಳಾಗಿತ್ತು. ಅದಕ್ಕೆ ಕಾರಣ ಅವನ ಬುದ್ಧಿಯಲ್ಲ, ಅವನ ಮೊಬೈಲಿನಲ್ಲಿದ್ದ ಒಂದು ವೆಬ್‌ಸೈಟು. ಈ ಸತ್ಯ ಗೊತ್ತಿದ್ದದ್ದು ಅವನೊಬ್ಬನಿಗೇ. ಅದು ಹಾಗೆಯೇ ಇರಲಿ ಎಂದು ದಿನಾ ಬೆಳಿಗ್ಗೆ ದೇವರ ಜಗಲಿಯ ಮುಂದೆ ನಿಂತು ಬೇಡಿಕೊಳ್ಳುತ್ತಿದ್ದ.

ವಿಮಾನ ನಗರ ಬಡಾವಣೆಯ ಅವರ ಬಿಲ್ಡಿಂಗಿನ ಸೆಕ್ರೆಟರಿ ಅಪ್ಪಾಸಾಹೇಬರು ರಿಟೈರಾದ ಮೇಲೆ ಒಂದು ವ್ರತ ಹಿಡಿದಿದ್ದರು. ಬೆಳಿಗ್ಗೆ ಏಳು ಹೊಡೆದರೆ ಸಾಕು, ಬಿಲ್ಡಿಂಗಿನ ವಾಟ್ಸಾಪ್ ಗುಂಪಿಗೆ ನಾಲ್ಕು ಚಿತ್ರ ಬೀಳುತ್ತಿದ್ದವು, ಕೆಳಗೆ ಉತ್ತರಕ್ಕೆ ಬೇಕಾದಷ್ಟು ಖಾಲಿ ಚೌಕ, ಹನ್ನೆರಡು ಇಂಗ್ಲಿಷ್ ಅಕ್ಷರಗಳ ಕಲಸುಮೇಲೋಗರ. ಹೊಲ ಉಳುವ ಎತ್ತು, ಇಟ್ಟಿಗೆ ಹೊರುವ ಹೆಂಗಸು, ಸಾಲು ಹಿಡಿದ ಇರುವೆ, ಫೈಲಿನ ಮುಂದೆ ಕೂತ ಗುಮಾಸ್ತ. ನಾಲ್ಕಕ್ಕೂ ಹೊಂದುವ ಒಂದೇ ಪದ ಹೇಳಬೇಕು. ಮೊದಲು 'ವರ್ಕ್' ಎಂದು ಬರೆದವರ ಹೆಸರಿನ ಮುಂದೆ ಅಪ್ಪಾಸಾಹೇಬರು ಒಂದು ಕಿರೀಟ ಅಂಟಿಸುತ್ತಿದ್ದರು. ಆ ದಿನವಿಡೀ ಲಿಫ್ಟಿನಲ್ಲಿ ಜನ ಕಿರೀಟದವರಿಗೆ ಸರಿದು ಜಾಗ ಬಿಡುತ್ತಿದ್ದರು.

ಒಂದು ವರ್ಷ ಆ ಕಿರೀಟ ಅಂಬಣ್ಣನ ಮಾವ ಈರಬಸಪ್ಪನವರ ತಲೆಯ ಮೇಲೇ ಇತ್ತು. ಅವರು ಕಲಿತದ್ದು ಏಳನೇ ಇಯತ್ತೆ. ಆದರೆ ಕ್ಯಾಂಪ್ ಪೇಟೆಯಲ್ಲಿ ನಲವತ್ತು ವರ್ಷ ಅರಿವೆ ಅಂಗಡಿ ನಡೆಸಿದವರು, ಗಿರಾಕಿಗಳ ಜೊತೆ ಇಂಗ್ಲಿಷ್ ಆಡಿ ಆಡಿ ಹರಿತವಾಗಿರಬೇಕು ಎಂದು ಎಲ್ಲರೂ ತಿಳಿದಿದ್ದರು. ಫ್ಲಾಟು ಅವರದೇ. ಅಂಬಣ್ಣ ಆ ಫ್ಲಾಟಿನ ಮನೆ ಅಳಿಯ, ಸ್ವಾರಗೇಟಿನ ಒಂದು ಟ್ರಾವೆಲ್ಸ್ ಆಫೀಸಿನಲ್ಲಿ ಪಾರ್ಸೆಲ್ ಚೀಟಿ ಬರೆಯುವವ. "ಇವ್ರು ನಮ್ಮ ಅಳಿಯಾರು, ಗಂಟು ಕಟ್ಟತಾರ" ಎಂದು ಮಾವ ಬಂದವರಿಗೆಲ್ಲ ಪರಿಚಯ ಮಾಡಿಕೊಡುತ್ತಿದ್ದರು. ಹನ್ನೊಂದು ವರ್ಷ ಅಂಬಣ್ಣ ಆ ಮಾತಿಗೆ ಹಲ್ಲು ಕಿರಿದಿದ್ದ.

ಒಂದು ದಿನ ಆಫೀಸಿನಲ್ಲಿ ಕೆಲಸವಿಲ್ಲದೆ ಕೂತಾಗ ಅವನಿಗೆ ಆ ವೆಬ್‌ಸೈಟು ಸಿಕ್ಕಿತು. ಪದಕ್ಕೆ ಎಷ್ಟು ಅಕ್ಷರ ಎಂದು ಹೇಳಿ, ಕೊಟ್ಟ ಹನ್ನೆರಡು ಅಕ್ಷರ ತುಂಬಿದರೆ, ಅದು ಆಗಬಹುದಾದ ಪದಗಳನ್ನೆಲ್ಲ ಸುರಿಯುತ್ತಿತ್ತು. ಚಿತ್ರಕ್ಕೆ ಒಪ್ಪುವುದನ್ನು ಹೆಕ್ಕಿದರೆ ಮುಗಿಯಿತು. ಮರುದಿನ ಏಳು ಗಂಟೆ ಎರಡು ನಿಮಿಷಕ್ಕೆ ಕಿರೀಟ ಅಂಬಣ್ಣನ ತಲೆಗೆ ಬಂತು. ಅವತ್ತಿನಿಂದ ಒಂದು ದಿನವೂ ಅದು ಮಾವನಿಗೆ ವಾಪಸು ಹೋಗಲಿಲ್ಲ. ಮಾವ ದಿನಾ ಎರಡನೆಯವರು. ಅತ್ತೆ ಕಲ್ಲವ್ವ ಅಳಿಯನ ತಟ್ಟೆಗೆ ಕೇಳದೆಯೇ ತುಪ್ಪ ಬಡಿಸತೊಡಗಿದರು. 'ಗಂಟು ಕಟ್ಟತಾರ' ಎಂಬ ಮಾತು ನಿಂತಿತು.

ಹೋದ ತಿಂಗಳು ಒಂದು ಬೆಳಿಗ್ಗೆ ಏಳೂ ನಾಲ್ಕಕ್ಕೆ ಮಾವ ಸೋಫಾದ ಮೇಲೆ ಮೊಬೈಲು ಹಿಡಿದವರು ಹಿಡಿದಂತೆಯೇ ಪಕ್ಕಕ್ಕೆ ವಾಲಿದರು. ಲಕ್ವಾ. ಬಲಗೈ, ಬಲಗಾಲು, ಮಾತು, ಮೂರೂ ಒಟ್ಟಿಗೆ ಹೋದವು. ಡಾಕ್ಟರು ಬಿಪಿ ಎಂದರು, ಸಕ್ಕರೆ ಎಂದರು, ವಯಸ್ಸು ಎಂದರು. ಅಂಬಣ್ಣನಿಗೆ ಮಾತ್ರ ಬೇರೆ ಕಾರಣ ಗೊತ್ತಿತ್ತು. ಅವತ್ತು ಅವನು ಉತ್ತರ ಹಾಕಿದ್ದು ಏಳೂ ಒಂದಕ್ಕೆ. ಮುದುಕರು ಅದನ್ನು ನೋಡಿ ಸೋತ ಸಂಕಟಕ್ಕೆ ಬಿದ್ದರು, ಹಾಗಾಗಿ ಇದು ಹೆಚ್ಚು ಕಡಿಮೆ ಕೊಲೆ ಎಂದು ಅವನು ಲೆಕ್ಕ ಹಾಕಿದ್ದ. ರಾತ್ರಿ ನಿದ್ದೆ ಬರುತ್ತಿರಲಿಲ್ಲ, ಅತ್ತೆ ಬಡಿಸಿದ ತುಪ್ಪವನ್ನು ತಟ್ಟೆಯ ಅಂಚಿಗೆ ಸರಿಸುತ್ತಿದ್ದ.

ಮಾವನನ್ನು ಮನೆಗೆ ತಂದ ಮೇಲೆ ಹೋದ ಮಾತು ಮತ್ತೆ ಕಲಿಸುವ ಮಾತಿನ ಡಾಕ್ಟರು ಶ್ರದ್ಧಾ ಬಂದು ಒಂದು ಚಿತ್ರದ ಹಾಳೆ ಕೊಟ್ಟುಹೋದಳು. ನೀರು, ಊಟ, ಹಾಸಿಗೆ, ಫ್ಯಾನು, ಸಂಡಾಸು ಹೀಗೆ ಹದಿನಾರು ಚಿತ್ರ. ಬೇಕಾದ್ದನ್ನು ಎಡಗೈಯಿಂದ ಮುಟ್ಟಿ ತೋರಿಸುವುದು. ಎರಡು ದಿನ ಎಲ್ಲ ಸರಿಯಾಗಿಯೇ ನಡೆಯಿತು. ಮೂರನೇ ದಿನ ಕಲ್ಲವ್ವ, "ಇವರ ಫೋನಿಗೆ ಬೀಗ ಬಿದ್ದದ. ಮಂದಿ ನಂಬರೆಲ್ಲಾ ಅದರಾಗ ಅದಾವು. ಅಪ್ಪಾಸಾಹೇಬರಿಗೆ ಕೊಟ್ರ ಕ್ಯಾಂಪಿನ್ಯಾಗ ಬೀಗ ತೆಗಿಸಿ ತರತಾರಂತ" ಎಂದು ಮಗಳಿಗೆ ಹೇಳಿದ್ದೇ ತಡ, ಮಾವ ಬಾಯಿ ಮುಚ್ಚಿದರು. ಗಂಜಿಯೂ ಇಲ್ಲ, ಹಾಲೂ ಇಲ್ಲ. ಎರಡರ ನಡುವೆ ಸಂಬಂಧ ಇರಬಹುದೆಂದು ಯಾರಿಗೂ ಹೊಳೆಯಲಿಲ್ಲ.

ಎರಡು ದಿನ ಹಾಗೇ ಕಳೆದ ಮೇಲೆ ಆಸ್ಪತ್ರೆಯ ಡಾಕ್ಟರು ಫೋನಿನಲ್ಲಿ ಗಡುವು ಕೊಟ್ಟರು. ಸಂಜೆ ಆರರೊಳಗೆ ಹೊಟ್ಟೆಗೆ ಏನೂ ಹೋಗದಿದ್ದರೆ ಆಸ್ಪತ್ರೆಗೆ ತರಬೇಕು, ಮೂಗಿನಿಂದ ನಳಿಗೆ ಹಾಕಬೇಕು. ಒಮ್ಮೆ ಆ ನಳಿಗೆ ಹಾಕಿಸಿಕೊಂಡಿದ್ದ ಮಾವನ ಕಣ್ಣು ತುಂಬಿ ಬಂತು. ಆದರೂ ಬಾಯಿ ತೆರೆಯಲಿಲ್ಲ. ಹಾಳೆಯ ಮೇಲೆ ನಾಲ್ಕೇ ಚಿತ್ರ ಕುಟ್ಟಿದರು. ಮೊಬೈಲು, ಬಾಗಿಲು, ಹೆಂಗಸು, ಕಸದ ಬುಟ್ಟಿ. ಮತ್ತೆ ಅವೇ ನಾಲ್ಕು. ಮತ್ತೆ ಅವೇ.

ಸುದ್ದಿ ತಿಳಿದು ಅಪ್ಪಾಸಾಹೇಬರು ಚಪ್ಪಲಿ ಮೆಟ್ಟುವುದನ್ನೂ ಮರೆತು ಬಂದರು. ಅವರು ನಿಪ್ಪಾಣಿ ಕಡೆಯವರು, ಒಂದೇ ಮಾತಿನಲ್ಲಿ ಕನ್ನಡ ಮರಾಠಿ ಎರಡನ್ನೂ ನಡೆಸುವವರು, ಈರಬಸಪ್ಪನವರನ್ನು ಬಾಬಾ ಎನ್ನುವವರು. "ಅರೇ, ಚಾರ್ ಚಿತ್ರ, ಏಕ್ ಶಬ್ದ! ಬಾಬಾ ನಮ್ಮ ಆಟಾನೇ ಆಡಾಕ್ಹತ್ಯಾರ!" ಎಂದು ತೊಡೆ ತಟ್ಟಿದರು.

ಹೌದಲ್ಲ ಎಂದು ಎಲ್ಲರಿಗೂ ಅನಿಸಿತು. ವರ್ಷಕ್ಕೂ ಮೇಲಾಗಿ ಆ ಬಿಲ್ಡಿಂಗಿನಲ್ಲಿ ನಾಲ್ಕು ಚಿತ್ರ ಕಂಡರೆ ಒಂದು ಪದ ಹುಡುಕುವ ಚಟ ಎಲ್ಲರಿಗೂ ಅಂಟಿತ್ತು. ನಾಲ್ಕು ಚಿತ್ರ ನಾಲ್ಕು ಬೇರೆ ಮಾತೇ ಇರಬಹುದೆಂದು ಅಲ್ಲಿ ಯಾರ ತಲೆಗೂ ಹೋಗುವಂತಿರಲಿಲ್ಲ.

"ಹೆಂಗಸು, ಬಾಗಿಲು, ಕಸದ ಬುಟ್ಟಿ, ಮೊಬೈಲು. ಸೋಪಂ ಆಹೇ, ಭಾಳ ಸರಳ. ಡೈವೋರ್ಸ್!" ಎಂದರು ಅಪ್ಪಾಸಾಹೇಬರು. "ವಕೀಲರಿಗೆ ಫೋನ್ ಮಾಡ್ರಿ ಅಂತ."

ಕಲ್ಲವ್ವ ಸೆರಗು ಬಾಯಿಗೆ ಹಿಡಿದರು. "ಐವತ್ತೊಂದು ವರ್ಷ ಇವರ ಜೋಡಿ ಬಾಳೇ ಮಾಡೇನಿ, ಈಗ ನನ್ನ ಕಸದ ಬುಟ್ಟಿಗೆ ಹಾಕತಾರೇನು?" ಎಂದು ಅತ್ತರು. ಮಾವ ತಲೆ ಅಲ್ಲಾಡಿಸಿ ಅಲ್ಲಾಡಿಸಿ ಸುಸ್ತಾದರು.

ಕೆಳಗಿನ ಮನೆಯ ಶರಣಮ್ಮ ಕಲಬುರಗಿಯವರು, ಯಾವ ಮನೆಯ ಸಂಕಟಕ್ಕೂ ಮೊದಲು ಹಾಜರಿ ಹಾಕುವವರು. "ಡೈವೋರ್ಸ್ ಅಲ್ರೀ ಯವ್ವಾ, ಕೆಲಸದಾಕಿ. ಕಸ ಚೆಲ್ಲಾಕಿ ಆಕಿ, ಬಾಗಲಾ ಬಡಿಯಾಕಿ ಆಕಿ, ಫೋನಿನ್ಯಾಗ ಮಾತಾಡಿಕೋತ ನಿಂದರಾಕಿ ಆಕಿ. ಏನೋ ಕದ್ದಾಳ, ಯಜಮಾನ್ರು ನೋಡ್ಯಾರ" ಎಂದರು. ಅಡುಗೆಮನೆಯಲ್ಲಿ ಪಾತ್ರೆ ತಿಕ್ಕುತ್ತಿದ್ದ ಕೆಲಸದವಳು ಅದನ್ನು ಕೇಳಿ ಬೋಗುಣಿ ಎತ್ತಿ ಒಗೆದು, ಸಂಬಳದ ಲೆಕ್ಕವನ್ನೂ ಕೇಳದೆ ಹೊರಟುಹೋದಳು.

"ನೀವ್ಯಾಕ ಸುಮ್ಮನ ನಿಂತೀರಿ?" ಹೆಂಡತಿ ಶೀತಲ್ ಗಂಡನ ತೋಳು ಹಿಡಿದಳು. "ದಿನಾ ಎರಡ ನಿಮಿಷದಾಗ ಹೇಳತೀರಿ. ಇವತ್ತ ನಮ್ಮಪ್ಪನ ಜೀವದ ಪ್ರಶ್ನೆ ಅದ. ಹೇಳ್ರಿ."

ಎಲ್ಲರೂ ಅಂಬಣ್ಣನತ್ತ ತಿರುಗಿದರು. "ಒಂದ ನಿಮಿಷ" ಎಂದವನೇ ಬಚ್ಚಲಿಗೆ ಹೋಗಿ ಚಿಲಕ ಹಾಕಿ ವೆಬ್‌ಸೈಟು ತೆಗೆದ. ಎಷ್ಟು ಅಕ್ಷರ ಎಂದು ಅದು ಕೇಳಿತು. ಕೊಟ್ಟ ಅಕ್ಷರ ಯಾವುವು ಎಂದು ಕೇಳಿತು. ಸಾಯಲು ಬಿದ್ದ ಮನುಷ್ಯ ಅಕ್ಷರ ಕೊಡುವುದಿಲ್ಲ ಎಂದು ಆ ಯಂತ್ರಕ್ಕೆ ಹೇಗೆ ಹೇಳುವುದು? ಅಂಬಣ್ಣ ನಲ್ಲಿ ಬಿಟ್ಟು, ಅದರ ಸದ್ದಿನಲ್ಲಿ ಸ್ವಲ್ಪ ಹೊತ್ತು ಅತ್ತ.

ಮುಖ ತೊಳೆದು ಹೊರಗೆ ಬಂದಾಗ ಬಾಯಿಗೆ ಬಂದದ್ದನ್ನು ಹೇಳಿಬಿಟ್ಟ. "ಅಕ್ಕ."

"ಯಾವ ಅಕ್ಕ?" ಎಂದಳು ಶೀತಲ್.

"ಮಾವಾರ ಅಕ್ಕಾರು, ಸೊಲ್ಲಾಪುರದವರು. ಹೆಂಗಸು ಅಂದ್ರ ಅವರು. ಬಾಗಲಾ ಅಂದ್ರ ಮೂವತ್ತು ವರ್ಷದ ಹಿಂದ ಮಾವಾರು ಅವರಿಗೆ ಹಾಕಿದ್ದು. ಕಸದ ಬುಟ್ಟಿ ಅಂದ್ರ ಹಳೇ ಸಿಟ್ಟು ಒಗೀರಿ ಅಂತ. ಮೊಬೈಲ ಅಂದ್ರ ಫೋನ್ ಹಚ್ಚರಿ."

ಅಪ್ಪಾಸಾಹೇಬರು "ವಾಹ್" ಎಂದು ಕೈ ಮುಗಿದರು. ಹೇಳಿದ ಅಂಬಣ್ಣನೇ ಒಂದು ಗಳಿಗೆ ನಂಬಿಬಿಟ್ಟ. ತಕ್ಷಣ ವಿಡಿಯೋ ಕಾಲ್ ಹಚ್ಚಿದರು. ಪರದೆಯಲ್ಲಿ ಎಂಬತ್ತು ವರ್ಷದ ಮುಖವೊಂದು ಮೂಡಿ, "ಬಾಗಲಾ ಹಾಕಿದಾವಗ ಸಾಯೂ ಹೊತ್ತಿಗೆ ಅಕ್ಕ ಬೇಕಾದ್ಲೇನು? ಇರಲಿ, ಬರತೀನಿ. ಬಂದ್ರ ಒಂದ ತಿಂಗಳ ಇರತೀನಿ ನೋಡು" ಎಂದು ಗುಡುಗಿತು. ಮಾವ ಎಡಗೈಯಿಂದ ಹಾಳೆಯನ್ನು ಎಸೆದು ಗೋಡೆಯ ಕಡೆ ಮುಖ ತಿರುಗಿಸಿದರು. ಗಂಜಿಯ ಬಟ್ಟಲು ಮೂರನೇ ಸಲ ಆರಿಹೋಯಿತು.

ಐದೂಕಾಲಿಗೆ ಶೀತಲ್ ಆಂಬುಲೆನ್ಸಿಗೆ ಹೇಳಿದಳು. ಹೆಂಗಸರು ಅಳುತ್ತ ಬಟ್ಟೆಬರೆ ಕಟ್ಟತೊಡಗಿದರು. ಅಂಬಣ್ಣ ಮಾವನ ಕೋಣೆಗೆ ಹೋದ. ತಾನು ಅಳುವುದು ಯಾರಿಗೂ ಕಾಣದಿರಲಿ ಎಂದು ಬಾಗಿಲು ಹಾಕಿದ.

ಚಿಲಕದ ಸದ್ದಿಗೆ ಮಾವ ಈಚೆ ತಿರುಗಿದರು. ಕಣ್ಣಲ್ಲಿ ಎರಡು ದಿನದಿಂದ ಇಲ್ಲದ ಬೆಳಕಿತ್ತು. ಅಂಬಣ್ಣ ಅದನ್ನು ಗಮನಿಸುವ ಸ್ಥಿತಿಯಲ್ಲಿರಲಿಲ್ಲ. ಮಂಚದ ಪಕ್ಕ ಕುಸಿದು ಕೂತು ಅವರ ಸತ್ತ ಬಲಗೈ ಹಿಡಿದುಕೊಂಡ.

"ಮಾವಾರ, ನಾ ಶಾಣ್ಯಾ ಅಲ್ರಿ. ಒಂದ ಒಗಟೂ ನಾ ಬಿಡಿಸಿಲ್ರಿ. ಎಲ್ಲಾ ಮೊಬೈಲಿನ್ಯಾಗಿನ ಯಂತ್ರ ಹೇಳಿದ್ದು. ನಿಮ್ಮ ಕಿರೀಟ ಕದ್ದೇನ್ರಿ ನಾ. ಆ ಸಂಕಟಕ್ಕ ನಿಮಗ ಹಿಂಗಾತು. ಬೈರಿ, ಹೊಡೀರಿ, ಆದ್ರ ಎರಡ ಚಮಚ ಗಂಜಿ ಕುಡೀರಿ."

ಮಾವನಿಗೆ ಆಶ್ಚರ್ಯವಾದಂತೆ ಕಾಣಲಿಲ್ಲ. ನೊಣ ಓಡಿಸುವವರಂತೆ ಎಡಗೈ ಬೀಸಿ, ಹಾಳೆಯ ಕಡೆ ಬೆರಳು ಮಾಡಿದರು. ಅಂಬಣ್ಣ ಎತ್ತಿಕೊಟ್ಟ. ಅವರು ಬಾಗಿಲಿನ ಚಿತ್ರ ಮುಟ್ಟಿ, ಹಾಕಿದ ಬಾಗಿಲು ತೋರಿಸಿ, ತಲೆಯಾಡಿಸಿದರು. ಆಮೇಲೆ ಮೊಬೈಲು ಮುಟ್ಟಿ ಕಪಾಟು ತೋರಿಸಿದರು.

ಕಪಾಟಿನಲ್ಲಿ ಔಷಧಗಳ ಹಿಂದೆ ಮಾವನ ಫೋನು ಸತ್ತು ಬಿದ್ದಿತ್ತು. ಅಂಬಣ್ಣ ಚಾರ್ಜರಿಗೆ ಹಾಕಿ ಎಬ್ಬಿಸಿದ. ಬೀಗದ ಅಂಕಿ ಕೇಳಿತು. ಮಾವ ಎಡಗೈಯಲ್ಲಿ ಒಂದು ಬೆರಳು ಎತ್ತಿದರು, ಆಮೇಲೆ ಎರಡು, ಮೂರು, ನಾಲ್ಕು. ಬೀಗ ತೆರೆಯಿತು. ಮಾವ ತೋರಿಸಿದ ಗುರುತು ಒತ್ತಿ ಅಂಬಣ್ಣ ಕಣ್ಣುಜ್ಜಿಕೊಂಡು ನೋಡಿದ.

ಅದೇ ವೆಬ್‌ಸೈಟು. ಮಾವ ಬಿದ್ದ ದಿನದ ಒಗಟು. ಹನ್ನೆರಡು ಅಕ್ಷರಗಳಲ್ಲಿ ಒಂಬತ್ತು ತುಂಬಿದ್ದವು. ಹತ್ತನೆಯದನ್ನು ಹುಡುಕುವಾಗ ಮಾವ ವಾಲಿದ್ದರು, ಅಂಬಣ್ಣನ ಉತ್ತರವನ್ನು ನೋಡಿಯೇ ಇರಲಿಲ್ಲ. ಒಂದು ವರ್ಷ ಕಿರೀಟ ಹೊತ್ತದ್ದು ಇದರಿಂದಲೇ, ಅಂಬಣ್ಣನಿಗೆ ಸೋತದ್ದು ಬೆರಳು ನಿಧಾನ ಎಂಬ ಒಂದೇ ಕಾರಣಕ್ಕೆ.

ಮಾವ ಕಸದ ಬುಟ್ಟಿ ಮುಟ್ಟಿದರು. ಆಮೇಲೆ ಹೆಂಗಸನ್ನು ಮುಟ್ಟಿ, ಹೊರಗೆ ಅಳುತ್ತಿದ್ದ ಕಲ್ಲವ್ವನ ದನಿಯತ್ತ ನೋಡಿ, ಬೇಡ ಬೇಡ ಎಂದು ಕೈಯಾಡಿಸಿದರು. ಬಾಗಿಲು ಹಾಕು, ಮೊಬೈಲು ತಾ, ಇದನ್ನು ಅಳಿಸು, ಅವಳಿಗೆ ಗೊತ್ತಾಗಬಾರದು. ಎರಡು ದಿನ ಉಪವಾಸ ಬಿದ್ದು ಮುದುಕರು ಹೇಳುತ್ತಿದ್ದದ್ದು ಇಷ್ಟೇ.

ಅಂಬಣ್ಣ ಯಾರನ್ನೂ ಕೊಂದಿರಲಿಲ್ಲ. ಹನ್ನೊಂದು ವರ್ಷದಲ್ಲಿ ಮೊದಲ ಸಲ ಅವನಿಗೆ ಮಾವನ ಮೇಲೆ ಪ್ರೀತಿ ಉಕ್ಕಿತು. "ಈಗ ಅಳಿಸತೀನ್ರಿ" ಎಂದು ನಗುತ್ತ ಬೆರಳು ಇಟ್ಟ. ಅಷ್ಟರಲ್ಲಿ ಸರಿಯಾಗಿ ಬೀಳದ ಹಳೇ ಚಿಲಕ ಕಿತ್ತು ಬಾಗಿಲು ತೆರೆಯಿತು. ಕಲ್ಲವ್ವ, ಶೀತಲ್, ಶರಣಮ್ಮ, ಸ್ಟ್ರೆಚರು ಬಂತೆಂದು ಹೇಳಲು ಬಂದ ಅಪ್ಪಾಸಾಹೇಬರು, ಎಲ್ಲರೂ ಒಟ್ಟಿಗೆ ಒಳಗೆ ಬಂದರು.

ಅಪ್ಪಾಸಾಹೇಬರ ಕಣ್ಣು ಪರದೆಯ ಮೇಲೆ ಬಿತ್ತು. ತಾವು ಕೈಯಾರೆ ಹಾಕಿದ ಒಗಟಿನ ಅಕ್ಷರಗಳು ಅವರಿಗೆ ಗುರುತು ಸಿಗದೆ ಇರುತ್ತವೆಯೇ? "ಹೇ ಕಾಯ್ ಆಹೇ, ಏನಿದು?" ಎಂದು ಫೋನು ಕಸಿದುಕೊಂಡರು. "ಉತ್ತರ ಹುಡುಕೋ ಯಂತ್ರ! ಬಾಬಾನ ಫೋನಿನ್ಯಾಗ! ಇದನ್ನ ಯಾರು ಹಾಕಿದ್ರು?"

ಅಂಬಣ್ಣ ಮಾವನ ಮುಖ ನೋಡಿದ. ನಿಜ ಹೇಳಿದರೆ ಮಾತಿಲ್ಲದ ರೋಗಿಯ ಮೇಲೆ ಕಳ್ಳತನ ಹೊರಿಸಿದಂತಾಗುತ್ತದೆ. ಸುಮ್ಮನಿದ್ದರೆ ತನ್ನ ಗತಿ ಮುಗಿಯಿತು. ಅವನು ಯೋಚಿಸುತ್ತಿರುವಾಗಲೇ ಮಾವನ ಎಡಗೈ ಮೇಲೆದ್ದಿತು. ಲಕ್ವಾ ಅವರ ಮಾತು ಕಿತ್ತುಕೊಂಡಿತ್ತು, ವ್ಯಾಪಾರದ ಬುದ್ಧಿಯನ್ನು ಮುಟ್ಟಿರಲಿಲ್ಲ. ಬೆರಳು ಹಾಳೆಯ ಕಡೆ ಹೋಗಲೇ ಇಲ್ಲ, ನೆಟ್ಟಗೆ ಅಂಬಣ್ಣನ ಮೂಗಿಗೆ ಬಂದು ನಿಂತಿತು. ಸೊಟ್ಟ ಬಾಯಿ ಅದುರಿತು, ಗಂಟಲಿನಿಂದ ಏನೋ ಉರುಳಿ ಬಂತು.

"ಕ... ಕ... ಕಳ್ಳ!"

ಮರುಕ್ಷಣ ಕಲ್ಲವ್ವ ಕಿರುಚಿದರು. "ಮಾತ ಬಂತು! ನಮ್ಮ ಯಜಮಾನರಿಗೆ ಮಾತ ಬಂತು!"

ಶೀತಲ್ ಅಪ್ಪನನ್ನು ಅಪ್ಪಿಕೊಂಡಳು. ಶರಣಮ್ಮ ದೃಷ್ಟಿ ತೆಗೆದರು. ಗಂಜಿ ಬಿಸಿಯಾಗಿ ಬಂತು, ಮಾವ ಬಟ್ಟಲಿಗೆ ಬಟ್ಟಲು ಕುಡಿದು ಇನ್ನೂ ಬೇಕೆಂದು ಬಾಯಿ ತೆರೆದರು. ಆಂಬುಲೆನ್ಸು ಖಾಲಿ ಹೋಯಿತು. ಆಮೇಲಷ್ಟೇ ಎಲ್ಲರಿಗೂ ಅಂಬಣ್ಣನ ನೆನಪಾಯಿತು. ಮಲಗಿದ ಮನುಷ್ಯನ ಫೋನಿನಲ್ಲೂ ಮೋಸದ ಯಂತ್ರ ಇಟ್ಟವನನ್ನು ಹೆಂಡತಿ ನೋಡಿದ ನೋಟ ಅವನು ಸಾಯುವ ತನಕ ಮರೆಯುವಂಥದ್ದಲ್ಲ. ಅಪ್ಪಾಸಾಹೇಬರು ನಿಂತಲ್ಲೇ ಅವನನ್ನು ಗುಂಪಿನಿಂದ ತೆಗೆದರು.

ಶೀತಲ್ ಮಾತಿನ ಡಾಕ್ಟರಿಗೆ ಫೋನು ಹಚ್ಚಿದಳು. "ಸೂಪರ್!" ಎಂದಳು ಶ್ರದ್ಧಾ. "ಯಾವ ಪದ ಆದ್ರೂ ಪರವಾಗಿಲ್ಲ, ಮೊದಲು ಬಂದಿದ್ದನ್ನೇ ಹಿಡ್ಕೋಬೇಕು. ಯಾರನ್ನ ನೋಡಿ ಬಂತೋ ಅವರನ್ನೇ ಎದುರಿಗೆ ಕೂರಿಸಿ ದಿನಾ ಬೆಳಿಗ್ಗೆ ಐವತ್ತು ಸಲ ಹೇಳಿಸಿ. ಒಂದು ದಿನಾನೂ ತಪ್ಪಿಸ್ಬೇಡಿ."

ಮರುದಿನ ಬೆಳಿಗ್ಗೆ ಏಳಕ್ಕೆ ಐದು ನಿಮಿಷವಿರುವಾಗ ಅಂಬಣ್ಣ ಮಾವನ ಮುಂದೆ ಸ್ಟೂಲಿನ ಮೇಲೆ ಕೂತ. ಕಲ್ಲವ್ವ ಹೊರಗೆ ಜಪಮಾಲೆ ಹಿಡಿದು ಎಣಿಸಲು ತಯಾರಾದರು. ಮಾವ ಮೊದಲು ಬಾಗಿಲಿನ ಚಿತ್ರ ಮುಟ್ಟಿದರು. ಅಂಬಣ್ಣ ಬಾಗಿಲು ಹಾಕಿದ. ಮಾವ ತೊದಲುತ್ತ 'ಕಳ್ಳ, ಕಳ್ಳ' ಎನ್ನುತ್ತಲೇ ಮೊಬೈಲಿನ ಚಿತ್ರ ಮುಟ್ಟಿ ಅಳಿಯನ ಜೇಬು ತೋರಿಸಿದರು.

ಏಳಕ್ಕೆ ಮಾವನ ಮೊಬೈಲಿಗೆ ಒಗಟು ಬಂತು. ಅಂಬಣ್ಣ ತನ್ನ ಮೊಬೈಲಿನಲ್ಲಿ ಹನ್ನೆರಡು ಅಕ್ಷರ ತುಂಬಿ, ಸಿಕ್ಕ ಪದವನ್ನು ಮಾವನ ಮೊಬೈಲಿನಿಂದ ಕಳಿಸಿದ. ಏಳೂ ಒಂದಕ್ಕೆ ಕಿರೀಟ ಈರಬಸಪ್ಪನವರ ಹೆಸರಿಗೆ ಬಂತು. ಅದರ ಕೆಳಗೆ ಬಿಲ್ಡಿಂಗಿನ ಎಲ್ಲ ಮನೆಗಳಿಂದ ಕೈಮುಗಿದ ಚಿತ್ರಗಳು ಬಿದ್ದವು.

ಹೊರಗಿನಿಂದ ಕಲ್ಲವ್ವನ ದನಿ ಕೇಳಿತು. "ಅಳಿಯಾರ, ನಲವತ್ತೊಂಬತ್ತ ಆದುವು. ಇನ್ನೊಂದ ಹೇಳಸ್ರಿ."

ಕಿರೀಟ ನೋಡುತ್ತ ಮಲಗಿದ್ದ ಮಾವ ಅಳಿಯನ ಕಡೆ ತಿರುಗಿ, ಒಂದಕ್ಷರವೂ ತೊದಲದೆ ಹೇಳಿದರು.

"ಕಳ್ಳ."